ಮಂಚಯ್ಯನಿಗೆ ಬರೆದ ಇಪ್ಪತ್ತಾರು ಕಾಗದ

ಅರಕಲಗೂಡಿನ ಬಸ್ ನಿಲ್ದಾಣದ ಎದುರು ನನ್ನದೊಂದು ನೋಟ್‌ಬುಕ್ಕು, ಪೆನ್ನಿನ ಅಂಗಡಿ. ನಾಗಲಕ್ಷ್ಮಿ ಮೇಡಂ ಅಲ್ಲಿ ಹನ್ನೊಂದು ವರ್ಷ ಕೆಂಪು ಪೆನ್ನು ಕೊಂಡರು. ತಿಂಗಳಿಗೊಂದು ಡಬ್ಬಿ. ಚೌಕಾಶಿ ಇಲ್ಲ, ಕೊಸರಾಟ ಇಲ್ಲ. ಅವರ ಶಾಲೆಯ ಮಕ್ಕಳು ಇಂಗ್ಲಿಷಿನಲ್ಲಿ ಧಾರಾಳವಾಗಿ ತಪ್ಪು ಮಾಡುತ್ತಿದ್ದುದರಿಂದ ಅಂಥದೊಂದು ಗಿರಾಕಿ ನನಗೆ ಸಿಕ್ಕಿತ್ತು.

ರಾಮನಾಥಪುರದ ರಸ್ತೆಯಲ್ಲಿರುವ ಒಂದು ಹಳ್ಳಿಯ ಸರ್ಕಾರಿ ಪ್ರೌಢಶಾಲೆಯಲ್ಲಿ ಅವರು ಅತಿಥಿ ಶಿಕ್ಷಕಿ. ಈ ಅತಿಥಿಯನ್ನು ಜೂನ್‌ನಲ್ಲಿ ಕರೆಯುತ್ತಾರೆ, ಏಪ್ರಿಲ್‌ನಲ್ಲಿ ಕಳಿಸುತ್ತಾರೆ. ಮುಂದಿನ ಜೂನ್‌ನಲ್ಲಿ ಮತ್ತೆ ಕರೆಯುತ್ತಾರೋ ಇಲ್ಲವೋ ಎನ್ನುವುದು ಮುಖ್ಯೋಪಾಧ್ಯಾಯರು ಬರೆದು ಕಳಿಸುವ ಪಟ್ಟಿಯನ್ನು ನೋಡಿದಾಗಲೇ ಗೊತ್ತಾಗುವುದು. ಹನ್ನೊಂದು ಜೂನ್‌ಗಳನ್ನು ಅವರು ಹೀಗೇ ದಾಟಿದ್ದರು. ವಯಸ್ಸು ನಲವತ್ತರ ಹತ್ತಿರ. ಹೊಳೆನರಸೀಪುರದಲ್ಲಿ ತಾಯಿಯೊಂದಿಗೆ ಬಾಡಿಗೆ ಮನೆ. ಸಂಜೆ ಶಾಲೆಯಿಂದ ಅರಕಲಗೂಡಿಗೆ ಬಂದು, ಹೊಳೆನರಸೀಪುರದ ಬಸ್ಸು ಬರುವ ತನಕ ಮುಕ್ಕಾಲು ಗಂಟೆ ನನ್ನ ಅಂಗಡಿಯ ಬೆಂಚಿನ ಮೇಲೆ ಕೂತು ನೋಟ್‌ಬುಕ್ಕು ತಿದ್ದುತ್ತಿದ್ದರು.

ಅವರು ತಿದ್ದುವುದನ್ನು ನೋಡಬೇಕಿತ್ತು. ಒಂದು ತಪ್ಪಿಗೆ ಒಂದು ಕೆಂಪು ಗೆರೆ. ಒಂದು ಗೆರೆಗೆ ಸರಿಯಾದ ವಾಕ್ಯ ಹತ್ತು ಸಲ. ಎಂಟು ತಪ್ಪಾದರೆ ಎಂಬತ್ತು ಸಾಲು. ಇನ್ನೂರು ಪುಟದ ನೋಟ್‌ಬುಕ್ಕು ಆ ಊರಿನಲ್ಲಿ ಒಂದು ತಿಂಗಳು ಬಾಳುತ್ತಿರಲಿಲ್ಲ. ನನಗೇನೂ ತಕರಾರಿರಲಿಲ್ಲ.

ಆದರೂ ಒಂದು ದಿನ ಬಾಯಿ ತಡೆಯದೆ ಕೇಳಿದೆ. "ಅಲ್ಲಾ ಮೇಡಂ, ಒಂದೆರಡು ತಪ್ಪ ಅಂಗೇ ಬುಟ್ರೆ ಏನಾಗ್ತದೆ? ನಾನು ಮೂವತ್ತು ವರ್ಷದಿಂದ ಹಾಸನದ ಸೇಟುಗಳ ಜೊತೆ ಹಿಂದೀಲೇ ವ್ಯಾಪಾರ ಮಾಡ್ತಾ ಇವ್ನಿ. ಒಂದ್ ಮಾತೂ ಸರಿಯಿಲ್ಲ. ಅಂಗಂತ ಯಾವ ಸೇಟೂ ಮಾಲು ಕೊಡಾಕಿಲ್ಲ ಅಂದಿಲ್ಲ."

ಅವರು ತಲೆ ಎತ್ತಲಿಲ್ಲ. "ನಿಮ್ಮ ಸೇಟು ನಗಲ್ಲ ಅಣ್ಣ, ನೀವು ಗಿರಾಕಿ. ನನ್ನ ನೋಡಿ ನಕ್ಕಿದ್ರು."

ಹಾಸನದಲ್ಲಿ ಡಿಗ್ರಿಗೆ ಸೇರಿದ ಮೊದಲ ವಾರ. ಕನ್ನಡ ಮಾಧ್ಯಮದಿಂದ ಹೋದ ಹುಡುಗಿ ಎದ್ದು ನಿಂತು ತನ್ನ ಊರು, ಅಪ್ಪನ ಕೆಲಸ ಏನೆಂದು ಇಂಗ್ಲಿಷಿನಲ್ಲಿ ಹೇಳಿದ್ದಾಳೆ. ಮೇಷ್ಟರು ಅದನ್ನೇ ಮೂರು ಸಲ ಹೇಳಿಸಿದರಂತೆ, ಸರಿಪಡಿಸಲಿಕ್ಕಲ್ಲ, ಕ್ಲಾಸಿಗೆ ಕೇಳಿಸಲಿಕ್ಕೆ. ಆಮೇಲೆ ಮೂರು ವರ್ಷ ಆ ಹುಡುಗಿ ತರಗತಿಯಲ್ಲಿ ಬಾಯಿ ತೆರೆಯಲಿಲ್ಲ.

"ನನ್ನ ಮಕ್ಳು ಯಾರೂ ಅಂಗೆ ನಿಂತ್ಕಬಾರ್ದು. ಒಂದೂ ತಪ್ಪಿಲ್ದಂಗೆ ಮಾಡಿ ಕಳಿಸ್ತೀನಿ" ಎಂದು ಹೇಳಿ ಮತ್ತೊಂದು ಗೆರೆ ಎಳೆದರು.

ಹೋದ ವರ್ಷದ ಜೂನ್‌ನಲ್ಲಿ ಮುಖ್ಯೋಪಾಧ್ಯಾಯ ಚನ್ನಪ್ಪನವರು ಅವರನ್ನು ಕರೆದು ಕೂರಿಸಿದರು. ಎಸ್ಸೆಸ್ಸೆಲ್ಸಿಯಲ್ಲಿ ಬೇರೆ ವಿಷಯಗಳೆಲ್ಲ ತೇಲಿ, ಇಂಗ್ಲಿಷಿನಲ್ಲಿ ಮೂವತ್ತರಲ್ಲಿ ಹದಿನೇಳು ಮಕ್ಕಳಷ್ಟೇ ಪಾಸಾಗಿದ್ದರು. ಚನ್ನಪ್ಪನವರು ಕೆಟ್ಟವರಲ್ಲ. ಮೇಲಿನವರಿಗೆ ಹೆದರುತ್ತಾರೆ, ಅಷ್ಟೆ. "ನೋಡಿ ಮೇಡಂ, ಈ ವರ್ಷ ಇಂಗ್ಲಿಷ್ ಮೇಲೇಳದಿದ್ರೆ, ಮುಂದಿನ ಜೂನ್‌ನಲ್ಲಿ ನಿಮ್ಮ ಹೆಸರು ಬರೆಯೋಕೆ ನನ್ನ ಕೈ ಓಡಲ್ಲ" ಎಂದರಂತೆ. ಅಂದಿನಿಂದ ತಿಂಗಳಿಗೆ ಎರಡು ಡಬ್ಬಿ ಪೆನ್ನು ಹೋಗತೊಡಗಿತು.

ಜನವರಿಯಲ್ಲಿ ಪೂರ್ವಸಿದ್ಧತಾ ಪರೀಕ್ಷೆ ಮುಗಿಯಿತು. ಮೇಡಂ ಉತ್ತರಪತ್ರಿಕೆಗಳ ಕಟ್ಟು ಹಿಡಿದು ಬಂದು ಬೆಂಚಿನ ಮೇಲೆ ಕೂತರು. ಅರ್ಧ ಗಂಟೆಯಾದರೂ ಪೆನ್ನಿನ ಮುಚ್ಚಳ ತೆಗೆದಿರಲಿಲ್ಲ. ಗಿರಾಕಿಗಳನ್ನು ಕಳಿಸಿ ನೋಡಿದರೆ, ಒಂದು ಪತ್ರಿಕೆ ತೆಗೆಯುತ್ತಾರೆ, ಇಡುತ್ತಾರೆ, ಇನ್ನೊಂದು ತೆಗೆಯುತ್ತಾರೆ.

"ಏನ್ ಮೇಡಂ, ತಪ್ಪೇ ಸಿಗ್ತಾ ಇಲ್ವಾ?" ಎಂದು ಕಿಚಾಯಿಸಿದೆ.

"ಇಲ್ಲ ಅಣ್ಣ" ಎಂದರು. ಮುಖ ನೋಡಿ ನನ್ನ ನಗು ನಿಂತುಹೋಯಿತು. "ಮೂವತ್ತೊಂದು ಪತ್ರಿಕೇಲಿ ಒಂದೂ ತಪ್ಪಿಲ್ಲ."

ಶಾಲೆಯ ವಾರ್ಷಿಕೋತ್ಸವಕ್ಕೆ ಬರಬೇಕೆಂದು ನಿಮ್ಮ ತಂದೆಗೆ ಪತ್ರ ಬರೆಯಿರಿ ಎಂದು ಪ್ರಶ್ನೆ ಇತ್ತು. ಐದು ಮಕ್ಕಳು ಉತ್ತರ ಬರೆಯುವ ಗೊಡವೆಗೇ ಹೋಗದೆ ಇಡೀ ಪ್ರಶ್ನೆಪತ್ರಿಕೆಯನ್ನು ಮುತ್ತು ಪೋಣಿಸಿದ ಹಾಗೆ ಉತ್ತರಪತ್ರಿಕೆಗೆ ಇಳಿಸಿದ್ದರು. ಅಚ್ಚಾದದ್ದನ್ನು ನೋಡಿ ಬರೆದರೆ ಯಾರೂ ಕೆಂಪು ಗೆರೆ ಹಾಕುವಂತಿಲ್ಲವಲ್ಲ! ಉಳಿದ ಇಪ್ಪತ್ತಾರು ಮಕ್ಕಳು ಪ್ರವಾಸಕ್ಕೆ ಹೋಗಲು ಅನುಮತಿ ಕೇಳಿ ತಂದೆಗೆ ಪತ್ರ ಬರೆದಿದ್ದರು. ಇಪ್ಪತ್ತಾರೂ ಒಂದೇ ಪತ್ರ. ಇಪ್ಪತ್ತಾರು ಮಕ್ಕಳಿಗೂ ಒಬ್ಬನೇ ತಂದೆ, ಶ್ರೀ ಮಂಚಯ್ಯ, ರಾಮನಾಥಪುರ ಹೋಬಳಿ, ಅರಕಲಗೂಡು ತಾಲ್ಲೂಕು.

ಮಂಚಯ್ಯ ನಾಗಲಕ್ಷ್ಮಿ ಮೇಡಂ ಅವರ ಅಪ್ಪ. ತೀರಿಕೊಂಡು ಹದಿನಾಲ್ಕು ವರ್ಷವಾಗಿತ್ತು.

ಕೆಲಸಕ್ಕೆ ಸೇರಿದ ಮೊದಲ ವರ್ಷ ಮಕ್ಕಳಿಗೆ ಮಾದರಿ ಪತ್ರವೊಂದನ್ನು ಬರೆಸುವಾಗ ಅವರು ಅಪ್ಪನ ಹೆಸರು ಹಾಕಿದ್ದರಂತೆ. ಬದುಕಿದ್ದಾಗ ಆ ಮನುಷ್ಯನಿಗೆ ಯಾರೂ ಕಾಗದ ಬರೆದಿರಲಿಲ್ಲ. ಓದಲು ಬಾರದವನಿಗೆ ಯಾರು ಬರೆಯುತ್ತಾರೆ? ಮಕ್ಕಳಾದರೂ ಬರೆಯಲಿ ಎಂಬ ಆಸೆ. ಅದೇ ಪತ್ರ ವರ್ಷದಿಂದ ವರ್ಷಕ್ಕೆ, ಅಕ್ಕನ ನೋಟ್‌ಬುಕ್ಕಿನಿಂದ ತಮ್ಮನ ನೋಟ್‌ಬುಕ್ಕಿಗೆ ಇಳಿದು ಬಂದಿತ್ತು. ಹೆಸರು ಬದಲಿಸಿದರೆ ಎಲ್ಲಿ ತಪ್ಪಾಗುತ್ತದೋ ಎಂದು ಒಬ್ಬರೂ ಬದಲಿಸಿರಲಿಲ್ಲ.

"ಮಾತಾಡೋಕೆ ಹೆದ್ರಬಾರ್ದು ಅಂತ ತಿದ್ದಿದೆ" ಎಂದರು ಮೇಡಂ. "ಈಗ ಸ್ವಂತ ಅಪ್ಪನ ಹೆಸ್ರು ಬರೆಯೋಕೂ ಹೆದ್ರುತಾವೆ. ಪರೀಕ್ಷೆಗೆ ಎರಡೇ ತಿಂಗಳು ಅಣ್ಣ. ನಾನೇನ್ ಮಾಡ್ಲಿ?"

ನಾನು ಟೀ ತರಿಸಿದೆ. ಅವರು ಕುಡಿಯಲಿಲ್ಲ.

ವಾರ ಕಳೆದ ಮೇಲೆ, ಇದೇ ಸಂಜೆ ಹೊತ್ತಿನಲ್ಲಿ, ಅಣ್ಣಯ್ಯ ಬಸ್ಸಿಳಿದು ನೇರ ನನ್ನ ಅಂಗಡಿಗೆ ಬಂದ. ಮೇಡಂ ಪಾಠ ಮಾಡುವ ಹಳ್ಳಿಯ ಹೊಗೆಸೊಪ್ಪಿನ ಬೆಳೆಗಾರ. ಅವನ ಮಗ ಮಂಜೇಶ್ ಮೇಡಂ ಕೈಕೆಳಗೇ ಹತ್ತನೇ ತರಗತಿ. ಕೈಯಲ್ಲಿ ಮಗನ ಉತ್ತರಪತ್ರಿಕೆ, ಪೋಷಕರು ಸಹಿ ಹಾಕಿ ಕಳಿಸಬೇಕಾದದ್ದು.

"ಲೇ ಸಿದ್ದೇಶ, ಇದೇನ್ ಬರ್ದವ್ನೆ ಓದ್ಲಾ. ಕಾಗ್ದಕ್ಕೆ ಸೊನ್ನೆ ಅಂತೆ. ಕೇಳುದ್ರೆ ಬಾಯೇ ಬುಡಾಕಿಲ್ಲ."

ಬೆಂಚಿನ ಮೇಲೆ ಯಾರು ಕೂತಿದ್ದಾರೆಂದು ಅವನು ನೋಡಿರಲಿಲ್ಲ. ಮೇಡಂ ಸೆರಗು ಹೊದ್ದು ಸುಮ್ಮನೆ ಕೂತರು. ನಾನು ಒಂದೊಂದೇ ಸಾಲನ್ನು ಕನ್ನಡ ಮಾಡಿ ಓದಿದೆ. ಪ್ರೀತಿಯ ತಂದೆಯವರಾದ ಮಂಚಯ್ಯನವರಿಗೆ...

"ಯಾರ್ಗೆ?"

"ಮಂಚಯ್ಯಂಗೆ."

"ಅದ್ಯಾವನ್ಲಾ ಮಂಚಯ್ಯ? ನಾನ್ ಬದ್ಕಿವ್ನಿ ತಾನೆ? ಊಟಕ್ಕೆ ಅಣ್ಣಯ್ಯ, ಕಾಗ್ದಕ್ಕೆ ಮಂಚಯ್ಯನಾ?" ಎಂದವನು ಒಮ್ಮೆಲೇ ನಿಂತ. "ತಡಿ ತಡಿ. ಬ್ಯಾರನ್‌ಗೆ ಬೆಂಕಿ ಹಾಕ್ತಿದ್ದ ಮಂಚಯ್ಯನಾ?"

ಬ್ಯಾರನ್ ಎಂದರೆ ಹೊಗೆಸೊಪ್ಪನ್ನು ತೂಗುಹಾಕಿ ಶಾಖಕ್ಕೆ ಹದಮಾಡುವ ಎತ್ತರದ ಗೂಡು. ಅಲ್ಲಿ ಐದಾರು ದಿನ ಒಲೆ ಕಾಯುವ ಕೂಲಿಯವನ ಕೈಯಲ್ಲಿ ಇಡೀ ವರ್ಷದ ಬೆಳೆ ಇರುತ್ತದೆ. ಮಂಚಯ್ಯನನ್ನು ನಾನೂ ಬಲ್ಲೆ. ನಮ್ಮಪ್ಪ ಸೊಪ್ಪಿನ ವ್ಯಾಪಾರ ಮಾಡುತ್ತಿದ್ದಾಗ ಅವನು ನಮ್ಮ ಜಗಲಿಯ ಕೆಳಗೆ ನಿಂತು ಮಾತಾಡಿ ಹೋಗುತ್ತಿದ್ದ. ಅವನನ್ನು ಮೇಲೆ ಕರೆದು ಕೂರಿಸಬೇಕೆಂದು ಆಗ ನಮಗೆ ಯಾರಿಗೂ ಅನ್ನಿಸಿರಲಿಲ್ಲ. ಈಗ ಅವನ ಮಗಳು ನನ್ನ ಬೆಂಚಿನ ಮೇಲೆ ಕೂರುತ್ತಾಳೆ ಎಂದುಕೊಂಡು ನಾನು ಒಳ್ಳೆಯವನಾದ ಹಾಗೆ ಬೀಗುವುದುಂಟು.

"ಅವನೇ" ಎಂದೆ.

ಅಣ್ಣಯ್ಯನ ಸಿಟ್ಟು ಅರ್ಧಕ್ಕರ್ಧ ಇಳಿಯಿತು. "ಅವ್ನಿಗೆ ಕಾಗ್ದ ಬರೀಬೇಕಾದ್ದೇ ಬುಡು. ಅವ್ನು ತೀರ್ಕಂಡ್ಮೇಲೆ ಒಂದ್ ವರ್ಷನೂ ನನ್ ಸೊಪ್ಪು ಸರ್ಯಾಗಿ ಅಳದಿ ಬಣ್ಣಕ್ಕೆ ಬಂದಿಲ್ಲ. ಮೊದ್ಲೆರಡು ದಿನ ಸೌದೆ ತುಂಬು ಅಂದ್ರೆ ತುಂಬ್ತಿರ್ಲಿಲ್ಲ ಕಣ್ಲಾ. 'ಎಲೆ ಇನ್ನೂವೆ ಯೋಚ್ನೆ ಮಾಡ್ತಾ ಅದೆ ಗೌಡ್ರೆ, ಸುಮ್ಕಿರಿ' ಅನ್ನೋನು. ನಾನ್ ಒಂದ್ಸಲ ಅವ್ನಿಲ್ದಾಗ ತುಂಬ್ಬುಟ್ಟೆ. ಅಸ್ರು ಅಂಗೇ ಕಚ್ಕಂಡ್ಬುಡ್ತು. ಆಮ್ಯಾಕೆ ಏನ್ ಬೆಂಕಿ ಆಕುದ್ರೂ ಅದು ಅಳದಿ ಆಗಾಕಿಲ್ಲ. ಇಡೀ ಗೂಡು ಆಳಾಗೋಯ್ತು. ಬಂದವ್ನು ನೋಡಿ ಅತ್ತೇಬುಟ್ಟ, ಅವನ್ ಸೊಪ್ಪು ಅನ್ನೋ ಅಂಗೆ."

ಆಗಲೇ ಅವನ ಕಣ್ಣು ಬೆಂಚಿನ ಕಡೆ ತಿರುಗಿದ್ದು. "ಅಯ್ಯೋ, ಮೇಡಮ್ಮೋರೆ! ನೀವ್ ಇಲ್ಲೇ ಇದ್ದೀರಾ?"

ಮೇಡಂ ಎದ್ದು ನಿಂತಿದ್ದರು. "ಬೆಂಕಿ ಮೊದ್ಲೇ ಏರ್ಸಿದ್ರೆ ಹಸಿರು ಕಚ್ಕೊಳುತ್ತಾ, ಅಣ್ಣಯ್ಯನೋರೆ?"

"ಊ ಕಣಮ್ಮ. ನಿಮ್ಮಪ್ಪನ್ನೇ ಕೇಳ್ಬೇಕಿತ್ತು."

ಹೊಳೆನರಸೀಪುರದ ಬಸ್ಸು ಬಂತು, ಹೋಯಿತು. ಮೇಡಂ ಹತ್ತಲಿಲ್ಲ. "ಹನ್ನೊಂದು ವರ್ಷ ಬರೀ ಸೌದೆ ತುಂಬಿದೀನಿ ಅಣ್ಣ" ಎಂದರು ನನಗೆ. ಸೌದೆ ಮಾರಿದವನು ನಾನೇ ತಾನೆ.

ಮಾರನೆಯ ದಿನದಿಂದ ಅವರ ಕ್ಲಾಸಿನಲ್ಲಿ ಏನೇನು ನಡೆಯಿತೆಂಬುದನ್ನು ಮಂಜೇಶನೇ ಅಂಗಡಿಗೆ ಬಂದಾಗ ಹೇಳಿದ. ಅದು ಸೊಪ್ಪನ್ನು ಬಣ್ಣ, ಚುಕ್ಕೆ ನೋಡಿ ಬೇರೆ ಬೇರೆ ಮಾಡುವ ಕಾಲ. ಮನೆಮನೆಯಲ್ಲೂ ಮಕ್ಕಳು ಗೋಣಿತಾಟಿನ ಮೇಲೆ ಕೂತು ಇದೇ ಕೆಲಸದಲ್ಲಿರುತ್ತಾರೆ. ಮೇಡಂ ಹಳೆಯ ನೋಟ್‌ಬುಕ್ಕುಗಳನ್ನೆಲ್ಲ ತರಿಸಿ, ಕೆಂಪು ಗೆರೆ ಬಿದ್ದ ಸಾಲುಗಳನ್ನು ಕತ್ತರಿಸಿ ಚೀಟಿ ಮಾಡಿಸಿ, ನೆಲದ ಮೇಲೆ ಸುರಿದರಂತೆ. "ಸೊಪ್ಪು ಆರಿಸೋ ಹಾಗೆ ಆರಿಸಿ. ಒಂದೇ ಥರದ ಚುಕ್ಕೆ ಒಂದು ಗುಡ್ಡೆ."

ಮಕ್ಕಳಿಗೆ ಇದೇನು ಹೊಸ ವಿದ್ಯೆಯೇ? ಎರಡೇ ಪಿರಿಯಡ್ಡಿನಲ್ಲಿ ಆರಿಸಿ ಕೂತರು. ನೂರಾರು ತಪ್ಪು ಎಂದುಕೊಂಡದ್ದು ಒಟ್ಟು ಏಳು ಗುಡ್ಡೆ. ಎಲ್ಲಕ್ಕಿಂತ ದೊಡ್ಡ ಗುಡ್ಡೆಯಲ್ಲಿ ಇಂಗ್ಲಿಷಿನ ಪದಗಳು ಕನ್ನಡದ ದಾರಿ ಹಿಡಿದು ನಡೆದಿದ್ದವು. ಮನೆಯಲ್ಲಿ ಮಾತಾಡುವ ಸಾಲಿನಲ್ಲೇ ಪದ ಜೋಡಿಸಿದ್ದರು. ಅದು ದಡ್ಡತನವಲ್ಲ, ಇನ್ನೂ ಹಳದಿಗೆ ತಿರುಗದ ಎಲೆ ಅಷ್ಟೇ ಎಂದರಂತೆ ಮೇಡಂ. ಇನ್ನೊಂದು ಗುಡ್ಡೆ ಬರೀ ಅವಸರದ್ದು. ಕೊನೆಯ ಚಿಕ್ಕ ಗುಡ್ಡೆಯನ್ನು ನೋಡಿ ಮೇಡಂ ಬೆವರಿದರಂತೆ. ಅದು ಅವರೇ ಹನ್ನೊಂದು ವರ್ಷದಿಂದ ತಪ್ಪಾಗಿ ಹೇಳಿಕೊಟ್ಟದ್ದು. ಗೈಡಿನಲ್ಲಿದ್ದ ತಪ್ಪನ್ನು ನಂಬಿ, ಸರಿಯಿರುವುದಕ್ಕೆ ಕೆಂಪು ಎಳೆದಿದ್ದರು.

"ಮೇಡಂ ಆ ಗುಡ್ಡೆನ ಎತ್ತಿ ಮೇಜಿನ ಮೇಲಿಟ್ಟು, 'ಇದು ನಂದು' ಅಂದ್ಬುಟ್ರು ಸಾ" ಎಂದ ಮಂಜೇಶ್. "ನಮ್ ಕ್ಲಾಸಿನ ವರ್ಷಾ ನಕ್ಬುಟ್ಲು. ಮೇಡಮ್ಮೂ ನಕ್ಬುಟ್ರು. ಅವ್ರು ನಗ್ತಾರೆ ಅಂತಾನೇ ನಮ್ಗ್ ಗೊತ್ತಿರ್ಲಿಲ್ಲ."

ಆಮೇಲೆ ವಾರಕ್ಕೊಂದು ಗುಡ್ಡೆ ಎಂದಾಯಿತು. ಆ ವಾರ ಆ ಗುಡ್ಡೆಯ ತಪ್ಪನ್ನಷ್ಟೇ ಮಾತಾಡುವುದು, ಮಿಕ್ಕಿದ್ದನ್ನು ಮುಟ್ಟುವುದಿಲ್ಲ. ಮಂಚಯ್ಯನಿಗೆ ಯಾರೂ ಕಾಗದ ಬರೆಯಬಾರದು. ಅವರವರ ಅಪ್ಪನಿಗೆ, ಅವರವರ ವಿಷಯ. ನನ್ನ ಅಂಗಡಿಯಲ್ಲಿ ಕೆಂಪು ಡಬ್ಬಿಗಳು ಧೂಳು ತಿನ್ನತೊಡಗಿದವು. ನೋಟ್‌ಬುಕ್ಕಿನ ವ್ಯಾಪಾರವೂ ಬಿತ್ತು. ವಿದ್ಯೆಯ ಸುಧಾರಣೆಯಿಂದ ಈ ತಾಲ್ಲೂಕಿನಲ್ಲಿ ಮೊದಲು ಪೆಟ್ಟು ತಿಂದವನು ನಾನು.

ಎರಡನೆಯವರು ಮೇಡಂ. ಫೆಬ್ರವರಿಯಲ್ಲಿ ಮೇಲಿನವರು ಶಾಲೆ ನೋಡಲು ಬರುತ್ತಾರೆಂದು ಸುದ್ದಿ ಬಂತು. ಚನ್ನಪ್ಪನವರು ನೋಟ್‌ಬುಕ್ಕುಗಳನ್ನು ತರಿಸಿ ತಿರುವಿ ನೋಡಿ ಗಾಬರಿಯಾದರು. "ಏನ್ ಮೇಡಂ ಇದು? ಪುಟದ ತುಂಬ ತಪ್ಪು, ಒಂದು ಗೆರೆ ಇಲ್ಲ! ತಿದ್ದದ ನೋಟ್‌ಬುಕ್ ಅಂದ್ರೆ ಪಾಠನೇ ಮಾಡಿಲ್ಲ ಅಂತ ತಾನೆ ಅರ್ಥ? ನಾಳೆ ಬೆಳಿಗ್ಗೆ ಒಳಗೆ ಎಲ್ಲಾ ಕೆಂಪಾಗಿರ್ಬೇಕು."

ಅಂದು ಸಂಜೆ ಮೇಡಂ ಮೂರು ಕೆಂಪು ಪೆನ್ನು ಕೊಂಡು ಬೆಂಚಿನ ಮೇಲೆ ಕೂತರು. ಮೇಲಿದ್ದ ನೋಟ್‌ಬುಕ್ಕು ಮಂಜೇಶನದು. ನಾಲ್ಕು ಪುಟ ಬರೆದಿದ್ದ, ಅಪ್ಪನಿಗೆ. ಓದಿ ಹೇಳಿ ಎಂದೆ. ಹೇಳಿದರು. ಅಪ್ಪ, ನೀನು ಹೋರಿ ಮಾರಿದ ದಿನ ನಾನು ಊಟ ಮಾಡಲಿಲ್ಲ, ನೀನು ಕೇಳಲಿಲ್ಲ, ಅದಕ್ಕೆ ನನಗೆ ಕೋಪ. ಸಾಲಿಗೆ ಮೂರರಂತೆ ತಪ್ಪು. ಮೇಡಂ ಪೆನ್ನಿನ ಮುಚ್ಚಳ ತೆಗೆದರು. ಮೊದಲ ಸಾಲಿನ ಮೇಲೆ ಕೈ ಇಟ್ಟರು.

"ಎಳೆದುಬುಡಿ ಮೇಡಂ" ಎಂದೆ. "ಒಂದ್ ದಿನದ ಸಂತೆ. ಎಳೆದು ಕೆಲಸ ಉಳಿಸ್ಕಳಿ."

"ಇವನು ಮತ್ತೆ ಮಂಚಯ್ಯನಿಗೆ ಬರೀತಾನೆ ಅಣ್ಣ" ಎಂದರು. ಬಸ್ಸು ಬರುವವರೆಗೂ ಹಾಗೇ ಕೂತಿದ್ದು, ಪೆನ್ನುಗಳನ್ನು ನನ್ನ ಮುಂದಿಟ್ಟು ಹೋದರು. ವ್ಯಾಪಾರದಲ್ಲಿ ಕೊಟ್ಟ ಮಾಲು ವಾಪಸು ತೆಗೆದುಕೊಳ್ಳುವ ಪದ್ಧತಿ ನನ್ನಲ್ಲಿಲ್ಲ. ಅಂದು ತೆಗೆದುಕೊಂಡೆ.

ಬಂದವರು ನೋಟ್‌ಬುಕ್ಕು ನೋಡಿ ಏನೋ ಬರೆದುಕೊಂಡು ಹೋದರಂತೆ. ಚನ್ನಪ್ಪನವರು ಮೇಡಂ ಜೊತೆ ಎರಡು ದಿನ ಮಾತು ಬಿಟ್ಟರು. ಮೂರನೆಯ ದಿನ ಇಷ್ಟೇ ಅಂದರು. "ರಿಸಲ್ಟ್ ಬಂದ್ರೆ ನಾನು ಬಾಯಿ ಬಿಡಬಹುದು. ಬರದಿದ್ರೆ ಆಗಲ್ಲ."

ಬರಲಿಲ್ಲ. ಮೇ ಮೊದಲ ವಾರ ಫಲಿತಾಂಶ ಬಂದಾಗ ಇಂಗ್ಲಿಷಿನಲ್ಲಿ ಮೂವತ್ತೊಂದಕ್ಕೆ ಹದಿನಾರು. ಹೋದ ವರ್ಷಕ್ಕಿಂತ ಒಂದು ಕಡಿಮೆ. ಅದರಲ್ಲೂ ವಿಧಿ ನೋಡಿ. ಈ ಸಲ ಪರೀಕ್ಷೆಯಲ್ಲಿ ಕೇಳಿದ್ದ ಪತ್ರ ಪ್ರವಾಸಕ್ಕೆ ಅನುಮತಿ ಕೋರುವುದು! ಕೊನೆಯ ಗಳಿಗೆಯಲ್ಲಿ ಹೆದರಿ ಹಳೆಯ ಬಾಯಿಪಾಠ ಒಪ್ಪಿಸಿದ ಮಕ್ಕಳು ಮಂಚಯ್ಯನ ಕೃಪೆಯಿಂದ ಪಾಸಾದರು. ಸ್ವಂತ ಅಪ್ಪನಿಗೆ ಬರೆದ ಮಂಜೇಶ್ ಎರಡು ಅಂಕಕ್ಕೆ ಬಿದ್ದ. ವರ್ಷಾಳೂ ಬಿದ್ದಳು.

ಆ ಸಂಜೆ ಮೇಡಂ ಬೆಂಚಿನ ಮೇಲೆ ಕೂತು ಅತ್ತರು. ಸದ್ದಿಲ್ಲದೆ, ಮುಖ ಒರೆಸಿಕೊಳ್ಳದೆ. ನನ್ನ ಗಿರಾಕಿಗಳು ನೋಡಿ ನೋಡಿ ಹೋಗುತ್ತಿದ್ದರು. "ಎಂಟನೇ ಕ್ಲಾಸಿಂದ ಹಿಂಗೆ ಮಾಡಿದ್ರೆ ಆಗ್ತಿತ್ತು. ಮೂರು ವರ್ಷ ಕಚ್ಚಿಸಿದ ಹಸಿರನ್ನ ಎರಡು ತಿಂಗಳಲ್ಲಿ ಬಿಡಿಸ್ತೀನಿ ಅಂತ ಹೊರಟೆ. ನನ್ನ ಕೆಲಸ ಹೋಗ್ಲಿ ಅಣ್ಣ, ಆ ಹದಿನೈದು ಮಕ್ಳನ್ನ ಮುಳುಗಿಸ್ದೆ."

ಕೆಲಸ ಹೋಗಲಿ ಎಂದರೂ, ಮರುದಿನವೇ ಚನ್ನರಾಯಪಟ್ಟಣದ ಒಂದು ಖಾಸಗಿ ಶಾಲೆಗೆ, ಅದರ ಮರುದಿನ ಹಾಸನದ ಇನ್ನೊಂದಕ್ಕೆ ಅರ್ಜಿ ಹಿಡಿದು ಹೋದರು. ಎರಡು ಕಡೆಯೂ ಹೋದ ಸಲದ ಫಲಿತಾಂಶ ಎಷ್ಟು ಎಂದು ಕೇಳಿದರಂತೆ. ಸುಳ್ಳು ಹೇಳಲು ಅವರಿಗೆ ಯಾವ ಭಾಷೆಯಲ್ಲೂ ಬರುವುದಿಲ್ಲ.

ಬಿದ್ದ ಮಕ್ಕಳಿಗೆ ಎರಡನೇ ಪರೀಕ್ಷೆ ಎಂಬುದೊಂದಿದೆ. ಶಾಲೆಗೆ ರಜೆ, ಕೀಲಿ ಚನ್ನಪ್ಪನವರ ಬಳಿ. ಅಣ್ಣಯ್ಯ ಬಂದು, "ನನ್ ಬ್ಯಾರನ್ ಬೇಸ್ಗೇಲಿ ಖಾಲಿನೇ ಬಿದ್ದಿರ್ತದೆ ಮೇಡಮ್ಮೋರೆ. ನಿಮ್ಮಪ್ಪ ಕೂತಿದ್ದ ಜಾಗ. ಬಂದು ಪಾಟ ಮಾಡಿ" ಎಂದ. ಸಂಬಳವಿಲ್ಲದ ಕೆಲಸಕ್ಕೆ ಆ ಹೆಂಗಸು ಮೇ ತಿಂಗಳು ಮುಗಿಯುವ ತನಕ ಹೊಳೆನರಸೀಪುರದಿಂದ ಎರಡು ಬಸ್ಸು ಬದಲಿಸಿ ಬಂದರು. ಕಿಟಕಿಯಿಲ್ಲದ ಗೂಡು, ಹೊಗೆಸೊಪ್ಪಿನ ಘಾಟು, ಬಾಗಿಲ ಬೆಳಕಿನಲ್ಲಿ ಹದಿನೈದು ಮಕ್ಕಳು. ಉಳಿದಿದ್ದ ಗುಡ್ಡೆಗಳನ್ನು ಒಂದೊಂದಾಗಿ ಮುಗಿಸಿದರು. ನಾನು ಒಂದು ದಿನ ನೋಡಲು ಹೋಗಿದ್ದೆ. ಮಂಜೇಶ್ ನನ್ನನ್ನು ಇಂಗ್ಲಿಷಿನಲ್ಲಿ ಮಾತಾಡಿಸಿದ. ನನಗೆ ಅರ್ಥವಾಯಿತು, ಉತ್ತರ ಕೊಡಲು ಬರಲಿಲ್ಲ.

ಹದಿನೈದರಲ್ಲಿ ಹನ್ನೆರಡು ಮಕ್ಕಳು ಪಾಸಾದರು. ಮಂಜೇಶನದು ಐವತ್ತು ದಾಟಿತ್ತು. ಆ ಫಲಿತಾಂಶ ಬಂದದ್ದು ಜೂನ್ ಮಧ್ಯದಲ್ಲಿ. ಅತಿಥಿಗಳ ಪಟ್ಟಿ ಹೋದದ್ದು ಜೂನ್ ಮೊದಲ ವಾರ. ಇಂಗ್ಲಿಷಿನ ಎದುರು ಬೇರೆ ಹೆಸರಿತ್ತು.

ಅಣ್ಣಯ್ಯ ಶಾಲೆಗೆ ಹೋಗಿ ಜಗಳ ತೆಗೆದ. ಚನ್ನಪ್ಪನವರು ಕೈ ಮುಗಿದರಂತೆ. "ಅಣ್ಣಯ್ಯನೋರೆ, ನನ್ನ ಶಾಲೆಯ ಲೆಕ್ಕಕ್ಕೆ ಹಿಡಿಯೋದು ಮೊದಲ್ನೇ ಪರೀಕ್ಷೆನ. ನಾನೇನ್ ಮಾಡ್ಲಿ?"

ಮೇಡಂ ಈಗ ಹಾಸನದಲ್ಲಿ ಒಂದು ಬಟ್ಟೆ ಕಾರ್ಖಾನೆಯಲ್ಲಿದ್ದಾರೆ. ಹೊಲಿದ ಅಂಗಿಯಲ್ಲಿ ತಪ್ಪು ಹುಡುಕುವ ಕೆಲಸ. ಸರ್ಕಾರ ಕೊಡದಿದ್ದ ನ್ಯಾಯವನ್ನು ದೇವರು ತಮಾಷೆಯಾಗಿ ಕೊಟ್ಟ. ದಸರೆ ಕಳೆದ ಮೇಲೆ ಒಂದು ದಿನ, ಕಾರ್ಖಾನೆಯವರು ಕೇಳಿದ ಅನುಭವ ಪ್ರಮಾಣಪತ್ರಕ್ಕಾಗಿ ಚನ್ನಪ್ಪನವರ ಬಳಿ ಹೋಗಿ, ಸಂಜೆ ನನ್ನ ಬೆಂಚಿಗೆ ಬಂದು ಕೂತರು. ಸೊರಗಿದ್ದರು. ಕುತ್ತಿಗೆ ನೋವಂತೆ, ದಿನವಿಡೀ ಬಗ್ಗಿ ನಿಂತು.

"ಹೆಂಗದೆ ಮೇಡಂ ಅಲ್ಲಿ?"

"ಬಿಹಾರದ ಹುಡುಗೀರು ಜಾಸ್ತಿ ಅಣ್ಣ. ಹಿಂದೀಲೇ ಮಾತಾಡ್ಬೇಕು. ನಾನು ಕತ್ರಿ ಕೇಳ್ತೀನಿ, ಎಷ್ಟು ತಪ್ಪು ಮಾಡ್ತೀನೋ ದೇವ್ರಿಗೇ ಗೊತ್ತು. ಅವು ನಗಲ್ಲ. ಕತ್ರಿ ಕೊಡ್ತಾವೆ."

ಕುತ್ತಿಗೆ ನೀವಿಕೊಳ್ಳುತ್ತಾ, "ಮುಂದಿನ ಜೂನ್‌ಗೆ ಮತ್ತೆ ಅರ್ಜಿ ಹಾಕ್ಲಾ ಅಣ್ಣ? ಚನ್ನಪ್ಪನೋರು ಮುಖ ಕೊಟ್ಟು ಮಾತಾಡ್ಲಿಲ್ಲ" ಎಂದರು. ದಿನವಿಡೀ ಬಾಯಿ ಮಾರಿ ಬದುಕುವವನು ನಾನು.

ಮಾತು ಬದಲಿಸಲು ಪ್ರಮಾಣಪತ್ರ ಕೊಡಿ ನೋಡೋಣ ಎಂದೆ. ಶಾಲೆಯ ಮೊಹರು, ಚನ್ನಪ್ಪನವರ ಸಹಿ, ಅರ್ಧ ಪುಟದ ಇಂಗ್ಲಿಷು. ಹನ್ನೊಂದು ವರ್ಷದ ಸೇವೆ ತೃಪ್ತಿಕರ ಎಂದೇನೋ ಇತ್ತು.

"ನಾಲ್ಕು ತಪ್ಪಿದೆ ಅಣ್ಣ ಅದ್ರಲ್ಲಿ" ಎಂದರು ಮೇಡಂ.

ಹಿಂದಿನ ಕಪಾಟಿನಲ್ಲಿ ಅವರು ವಾಪಸು ಕೊಟ್ಟ ಮೂರು ಕೆಂಪು ಪೆನ್ನು ಇನ್ನೂ ಹಾಗೇ ಇದ್ದವು. "ಪೆನ್ನು ಕೊಡ್ಲಾ?" ಎಂದೆ.

ಹೊಳೆನರಸೀಪುರದ ಬಸ್ಸು ಬಂದು ನಿಂತಿತು. ಅವರು ಆ ಹಾಳೆಯನ್ನು ನನ್ನ ಕೈಯಿಂದ ತೆಗೆದುಕೊಂಡು, ಎರಡು ಮಡಿಕೆ ಮಡಿಸಿ, ಚೀಲದ ತಳಕ್ಕೆ ಸೇರಿಸಿದರು.

"ಬ್ಯಾಡ ಬುಡಿ ಅಣ್ಣ. ಅರ್ಥ ಆಗ್ತದೆ."